ಹಲಗೆ ಬೀಳುವ ಆಟಕ್ಕೆ ನಾನು ಬರೆದ ನಿಯಮ

ನನ್ನ ಬಿ.ಎ. ಸರ್ಟಿಫಿಕೇಟ್ ಇಟ್ಟಿರುವ ಫೈಲಿನಲ್ಲಿಯೇ ಒಂದು ಇನ್ನೂರು ಪುಟದ ನೋಟ್‌ಬುಕ್ ಇದೆ. ರಟ್ಟಿನ ಮೇಲೆ ‘ನಾಲ್ಕು ಜನರ ಆಟ: ಹೇಗೆ ಆಡಬೇಕು’ ಎಂದು ನೀಲಿ ಶಾಯಿಯಲ್ಲಿ ಬರೆದಿದ್ದೇನೆ. ಒಳಗೆ ನಲವತ್ತೊಂದು ಆಟಗಳ ವಿವರಣೆ. ಇಪ್ಪತ್ತೇಳನೆಯದನ್ನು ಪೂರ್ತಿ ಹೊಡೆದು ಹಾಕಿ, ಪಕ್ಕದ ಪುಟದಲ್ಲಿ ಹೊಸದಾಗಿ ಬರೆದಿದ್ದೇನೆ. ಸರ್ಟಿಫಿಕೇಟಿಗೂ ಆ ನೋಟ್‌ಬುಕ್ಕಿಗೂ ಸಂಬಂಧ ಇದೆ. ನೋಟ್‌ಬುಕ್ ಇಲ್ಲದಿದ್ದರೆ ಸರ್ಟಿಫಿಕೇಟ್ ಬರುತ್ತಿರಲಿಲ್ಲ.

ನಮ್ಮ ಮನೆತನದಲ್ಲಿ ಡಿಗ್ರಿ ಮಾಡಿದವರಲ್ಲಿ ನಾನೇ ಮೊದಲನೆಯವಳು. ಅಪ್ಪ ತನ್ನ ಹೆಸರು ಬರೆಯಲು ಕಲಿತದ್ದೇ ನನ್ನ ಪಿ.ಯು.ಸಿ. ಅರ್ಜಿಗೆ ಸಹಿ ಹಾಕಲು. ಬಾದಾಮಿ ಕಡೆಯಿಂದ ಕಾರ್ಕಳಕ್ಕೆ ಬಂದಾಗ ನಾನು ಎರಡನೇ ಕ್ಲಾಸು. ಕುಕ್ಕುಂದೂರಿನಲ್ಲಿ ಒಂದು ಕೋಣೆ, ಒಂದು ಅಡುಗೆ ಮೂಲೆ. ಅವ್ವ ಗೇರುಬೀಜದ ಫ್ಯಾಕ್ಟರಿಗೆ ಹೋಗುತ್ತಿದ್ದಳು. ಅಪ್ಪನದು ಸೆಂಟ್ರಿಂಗ್ ಕೆಲಸ. ಸ್ಲ್ಯಾಬ್ ಹಾಕುವ ಮೊದಲು ಕೆಳಗಿನಿಂದ ಕಂಬ ಕೊಟ್ಟು ಹಲಗೆ ಹಾಸುತ್ತಾರಲ್ಲ, ಅದು. ಮಣಿಪಾಲದಲ್ಲಿ ಆಗ ವರ್ಷವಿಡೀ ಕಟ್ಟಡಗಳು ಏಳುತ್ತಿದ್ದವು. ಅಪ್ಪನಿಗೆ ಒಂದು ಪದ್ಧತಿ ಇತ್ತು. ಸ್ಲ್ಯಾಬ್ ಗಟ್ಟಿಯಾಗಿ ಹಲಗೆ ಬಿಚ್ಚಿ ಇಳಿಸಿದ ಮೇಲೆ ಆ ಕಟ್ಟಡದೊಳಗೆ ಮತ್ತೆ ಕಾಲಿಡುತ್ತಿರಲಿಲ್ಲ. ಗೃಹಪ್ರವೇಶಕ್ಕೆ ಕರೆದರೂ ಅಂಗಳದಲ್ಲಿ ಉಂಡು ಬರುತ್ತಿದ್ದ. “ಕಟ್ಟೂದು ನಮ್ದು, ಇರೂದು ಅವರ್ದು,” ಎನ್ನುತ್ತಿದ್ದ. ಸಿಟ್ಟಿನಿಂದ ಅಲ್ಲ, ಬಸ್ಸಿನ ಟೈಮು ಹೇಳಿದ ಹಾಗೆ. ಅವನ ಗೆಳೆಯರೆಲ್ಲ ಹಾಗೆಯೇ. ಬೇರೆಯವರ ಸಾಮಾನನ್ನು ಒರೆಸಬಹುದು, ಎತ್ತಿಡಬಹುದು, ಕುಳಿತು ಅನುಭವಿಸಬಾರದು. ಯಾರೂ ಹೇಳಿಕೊಡದೆ ನಾನೂ ಅದನ್ನೇ ಕಲಿತಿದ್ದೆ.

ಫೈನಲ್ ಬಿ.ಎ. ವರ್ಷ ನನಗೆ ಮಣಿಪಾಲದಲ್ಲಿ ಒಂದು ಕೆಲಸ ಸಿಕ್ಕಿತು. ಕಲ್ಯಾಣಪುರದ ಒಬ್ಬರು ಕ್ರಿಶ್ಚಿಯನ್ ಹೆಂಗಸು, ಎಲ್ಲರೂ ಬಾಯಮ್ಮ ಎಂದು ಕರೆಯುತ್ತಿದ್ದವರು, ವಿಡಿಯೊ ಕ್ಯಾಸೆಟ್ ಬಾಡಿಗೆಗೆ ಕೊಡುವ ಅಂಗಡಿ ಇಟ್ಟಿದ್ದರು. ಸಿ.ಡಿ. ಬಂದ ಮೇಲೆ ಕ್ಯಾಸೆಟ್ ಕೇಳುವವರು ಕಡಿಮೆಯಾದರು. ಆಗ ಅವರ ತಮ್ಮ ಗಲ್ಫಿನಿಂದ ರಜೆಗೆ ಬಂದವರು ಎರಡು ಟಿ.ವಿ. ಗೇಮಿನ ಮೆಶಿನ್, ಒಂದು ಚೀಲ ಡಿಸ್ಕ್ ತಂದು ಕೊಟ್ಟರು. ಬಾಯಮ್ಮ ಕ್ಯಾಸೆಟ್ ಕಪಾಟುಗಳನ್ನು ಗೋಡೆಗೆ ಸರಿಸಿ, ಟಿ.ವಿ. ಇಟ್ಟು, ಪ್ಲಾಸ್ಟಿಕ್ ಸ್ಟೂಲು ಹಾಕಿದರು. ಹಾಸ್ಟೆಲಿನ ಮಕ್ಕಳು ಗಂಟೆ ಲೆಕ್ಕದಲ್ಲಿ ಬಂದು ಆಡುತ್ತಿದ್ದರು. ಬೆಳಿಗ್ಗೆ ಬಾಯಮ್ಮನೇ ಕೂರುತ್ತಿದ್ದರು, ಮಧ್ಯಾಹ್ನ ಎರಡರಿಂದ ಆರೂವರೆ ತನಕ ನಾನು. ನನಗೆ ಬೇಕಾಗಿದ್ದದ್ದು ಅಂಥದೇ ಕೆಲಸ. ಕಾರ್ಕಳದಲ್ಲಿ ಬೆಳಗಿನ ಕ್ಲಾಸು ಮುಗಿಸಿ, ಹಿರಿಯಡ್ಕ ಮಾರ್ಗದ ಉಡುಪಿ ಬಸ್ ಹತ್ತಿದರೆ ಸರಿಯಾಗಿ ಎರಡಕ್ಕೆ ಮಣಿಪಾಲ. ಉಡುಪಿಯ ಬಟ್ಟೆ ಅಂಗಡಿಗಳಲ್ಲಿ ಕೇಳಿ ನೋಡಿದ್ದೆ, ಎಲ್ಲರಿಗೂ ಇಡೀ ದಿನ ಬೇಕು. ಈ ಕೆಲಸ ಹೋದರೆ ಕಾಲೇಜೂ ಹೋಗುತ್ತದೆ ಎಂಬುದು ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು. ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ, ಅಷ್ಟೆ.

ಮೆಶಿನ್‌ಗಳಲ್ಲಿ ಒಂದರಲ್ಲಿ ಕಾರ್ ರೇಸು, ಫುಟ್‌ಬಾಲು. ಅದಕ್ಕೆ ಯಾರ ಸಹಾಯವೂ ಬೇಡ. ಇನ್ನೊಂದು ಬಾಗಿಲ ಹತ್ತಿರದ್ದು, ಅದಕ್ಕೆ ನಾಲ್ಕು ಜಾಯ್‌ಸ್ಟಿಕ್ ಸಿಕ್ಕಿಸಬಹುದಿತ್ತು. ನಾಲ್ಕು ಜನ ಕೂಡಿ ಆಡುವ ಆಟ. ಪಗಡೆಯ ಹಾಗೆ ದಾಳ ಬೀಳುತ್ತದೆ, ಗೊಂಬೆಗಳು ಮನೆ ಮನೆ ದಾಟುತ್ತವೆ. ಒಂದು ಸುತ್ತು ಮುಗಿದ ಕೂಡಲೇ ಒಂದು ಸಣ್ಣ ಆಟ ಬರುತ್ತದೆ, ಒಂದೋ ಎರಡೋ ನಿಮಿಷದ್ದು. ಪ್ರತಿ ಸಲ ಬೇರೆ ಬೇರೆ. ಆ ಸಣ್ಣ ಆಟದ ಮೊದಲು ಪರದೆಯ ಮೇಲೆ ನಿಯಮ ಬರುತ್ತದೆ. ಆದರೆ ಡಿಸ್ಕ್ ಜಪಾನಿನದು. ಅಕ್ಷರಗಳೂ ಜಪಾನಿನವು.

ಮಕ್ಕಳು ನನ್ನ ಕಡೆ ತಿರುಗಿ ಇಂಗ್ಲಿಷಿನಲ್ಲಿ ಕೇಳುತ್ತಿದ್ದರು, ಇದರಲ್ಲಿ ಏನು ಮಾಡಬೇಕು ಎಂದು. ನನಗೆ ಜಪಾನಿಯೂ ಬಾರದು, ‘ಬಾರದು’ ಎಂದು ಇಂಗ್ಲಿಷಿನಲ್ಲಿ ಹೇಳಲೂ ಬಾರದು. ನಾಲ್ಕು ಸಲ ಕೇಳಿ, ಭುಜ ಕುಣಿಸಿ ಎದ್ದು ಹೋಗುತ್ತಿದ್ದರು. ಮೇಲಿನ ರಸ್ತೆಯಲ್ಲಿ ಇಂಥದೇ ಇನ್ನೊಂದು ಅಂಗಡಿ ಆಗಿತ್ತು.

ನವೆಂಬರಿನಲ್ಲಿ ಒಂದು ದಿನ ಬಾಯಮ್ಮ ಹೇಳಿದರು: “ಮಗಾ, ನಿನ್ನ ಮೇಲೆ ನನಗೆ ದೂರು ಎಂತದೂ ಇಲ್ಲ. ಆದರೆ ಕೇಳಿದ್ದಕ್ಕೆ ಉತ್ತರ ಹೇಳುವವರು ಬೇಕಲ್ವಾ? ಕ್ರಿಸ್‌ಮಸ್ ತನಕ ನೋಡುವ. ಆಮೇಲೆ ಇಂಗ್ಲಿಷ್ ಗೊತ್ತಿದ್ದವರನ್ನು ಇಡಬೇಕಾಗ್ತದೆ.”

ನನ್ನ ಪರೀಕ್ಷೆ ಏಪ್ರಿಲ್‌ನಲ್ಲಿ.

ಮರುದಿನ ನಾನು ನೋಟ್‌ಬುಕ್ ತಂದೆ. ಇತಿಹಾಸದ ನೋಟ್ಸು ಬರೆದು ಬರೆದು ನನಗೆ ಒಂದು ಧೈರ್ಯ ಬಂದಿತ್ತು: ನೋಡಿದ್ದನ್ನು ಸರಿಯಾಗಿ ಬರೆದರೆ ಅರ್ಧ ಅರ್ಥವಾದ ಹಾಗೆ. ಕೌಂಟರಿನಲ್ಲಿ ಕುಳಿತು ಪ್ರತಿ ಆಟ ನೋಡಿದೆ, ಯಾರು ಗೆದ್ದರು, ಗೆಲ್ಲುವ ಮೊದಲು ಏನು ಮಾಡಿದರು ಎಂದು ಗುರುತು ಹಾಕಿಕೊಂಡೆ. ಆಟದ ಹೆಸರು ಓದಲು ಬಾರದ್ದರಿಂದ ಅಕ್ಷರದ ಆಕಾರ ಬರೆದುಕೊಂಡೆ. ‘ಮೊದಲ ಅಕ್ಷರ ಏಣಿ, ಎರಡನೆಯದು ಬಾಗಿಲ ಚಿಲಕ’ ಎಂದಿದ್ದರೆ ಅದು ಹತ್ತನೇ ಆಟ. ಅಕ್ಷರ ನೋಡಿ ಪುಟ ತೆರೆಯುವುದು. ಕೆಲವನ್ನು ಇಲ್ಲಿ ಇದ್ದ ಹಾಗೆಯೇ ಬರೆಯುತ್ತೇನೆ.

‘ಕೊಡೆ ಬಿಡಿಸುವ ಆಟ. ಮೋಡ ಕಪ್ಪಾದಾಗ ಕೊಡೆ ಬಿಡಿಸಬೇಕು. ಮೊದಲೇ ಬಿಡಿಸಿದರೆ ಗಾಳಿ ಹಾರಿಸಿಕೊಂಡು ಹೋಗುತ್ತದೆ. ಸುಮ್ಮನೆ ಕಪ್ಪಾಗಿ ಮಳೆ ಬಾರದೆ ಇರುವುದೂ ಉಂಟು. ಕಪ್ಪೆ ಕೂಗಿದರೆ ಮಾತ್ರ ಖಂಡಿತ.’

‘ಮೂವರ ಮೇಲೆ ಒಬ್ಬರು. ಒಬ್ಬರು ರೋಡ್ ರೋಲರ್ ಓಡಿಸುತ್ತಾರೆ, ಮೂವರು ಓಡಬೇಕು. ಮೂವರೂ ಒಂದೇ ಕಡೆ ಓಡಿದರೆ ಮೂವರೂ ಅಪ್ಪಚ್ಚಿ. ಚದುರಿ ಓಡಿ. ರೋಲರ್ ತಿರುಗಲು ಹೊತ್ತು ಹಿಡಿಯುತ್ತದೆ, ಅದರ ಹಿಂದೆ ಹೋದರೆ ಭಯವಿಲ್ಲ.’

‘ದೋಣಿಯ ನೀರು ಹೊರಗೆ ಹಾಕುವ ಆಟ. ಇಬ್ಬಿಬ್ಬರು. ಒಬ್ಬರು ಎತ್ತುವಾಗ ಇನ್ನೊಬ್ಬರು ಚೆಲ್ಲಬೇಕು. ಇಬ್ಬರೂ ಒಟ್ಟಿಗೆ ಎತ್ತಿದರೆ ದೋಣಿ ಮಗುಚುತ್ತದೆ.’

ಕಾಪುವಿನ ಒಬ್ಬಳು ನರ್ಸಿಂಗ್ ವಿದ್ಯಾರ್ಥಿನಿ ಶನಿವಾರ ಶನಿವಾರ ಮೂವರು ಗೆಳತಿಯರ ಜೊತೆ ಬರುತ್ತಿದ್ದಳು. ಅವಳ ತಂದೆ ಮೀನಿಗೆ ಹೋಗುವವರು. ಒಂದು ಶನಿವಾರ ಕೌಂಟರಿನ ಮೇಲಿದ್ದ ನನ್ನ ನೋಟ್‌ಬುಕ್ ತೆಗೆದು ಜೋರಾಗಿ ಓದತೊಡಗಿದಳು. ದೋಣಿಯ ಪುಟಕ್ಕೆ ಬಂದಾಗ ಅವಳಿಗೆ ನಗು ತಡೆಯಲಾಗಲಿಲ್ಲ.

“ಅಯ್ಯೋ ಮಾರಾಯ್ತಿ, ಹೀಗೆ ಸರದಿ ಕಾದು ನೀರು ಚೆಲ್ಲಿದರೆ ನಮ್ಮ ಅಪ್ಪ ಎಂದೋ ಮುಳುಗುತ್ತಿದ್ದರು!”

“ಅದು ನಿಮ್ಮ ಅಪ್ಪನ ದೋಣಿ ಅಲ್ಲ, ಜಪಾನಿನದ್ದು,” ಎಂದೆ ನಾನು.

“ಆದರೂ ಬರೆದದ್ದು ಭಾರೀ ಲಾಯಕ್ ಉಂಟು. ಇಂಗ್ಲಿಷಿನಲ್ಲಿ ಬರೆಯುವ. ನಾನು ಹೇಳ್ತೇನೆ, ನೀನು ಬರಿ. ನಿನಗೂ ಬಾಯಿಗೆ ಬರ್ತದೆ.”

ಹಾಗೆ ಕನ್ನಡದ ಕೆಳಗೆ ಇಂಗ್ಲಿಷ್ ಬಂತು. ಎಡಗಡೆ ಹೋಗಿ, ಒತ್ತಿ ಹಿಡಿಯಬೇಡಿ, ಕಪ್ಪೆ ಕೂಗುವ ತನಕ ಕಾಯಿರಿ. ಇಂಥ ಸಣ್ಣ ವಾಕ್ಯಗಳು. ಇವನ್ನು ಬಸ್ಸಿನಲ್ಲಿ ಬಾಯಿಪಾಠ ಮಾಡುತ್ತಿದ್ದೆ. ಪಕ್ಕದಲ್ಲಿ ಕೂತ ಅಪ್ಪ ನಿದ್ದೆ ಹೋಗುತ್ತಿದ್ದ. ಅವನು ಕೆಲಸ ಮುಗಿಸಿ ಆರೂವರೆಗೆ ಅಂಗಡಿಯ ಮುಂದೆ ಬಂದು ನಿಲ್ಲುತ್ತಿದ್ದ, ಕಾಲಿಗೆ ಸಿಮೆಂಟು. ಬಾಯಮ್ಮ “ಬನ್ನಿ, ಒಳಗೆ ಕೂತ್ಕೊಳ್ಳಿ” ಎಂದರೆ “ಇರ್ಲಿ ಬಿಡ್ರಿ ಅಮ್ಮಾರ” ಎಂದು ಮೆಟ್ಟಿಲ ಕೆಳಗೇ ನಿಲ್ಲುತ್ತಿದ್ದ. ಆ ಕಟ್ಟಡಕ್ಕೂ ಹಲಗೆ ಹಾಸಿದ್ದವನು ಅವನೇ.

ಡಿಸೆಂಬರ್ ನಡುವೆ ನಲವತ್ತೊಂದೂ ಆಟ ಬರೆದು ಮುಗಿಯಿತು. ಕಾಪುವಿನವಳು ಹಾಸ್ಟೆಲಿನ ಎಂಟು ಹುಡುಗಿಯರನ್ನು ಕರೆದುಕೊಂಡು ಬಂದಳು. ಅರ್ಧ ಜನಕ್ಕೆ ಕನ್ನಡ ಬಾರದು. ಬಾಯಮ್ಮ ಕೂಡ ಅಂದು ಮನೆಗೆ ಹೋಗದೆ ಕುಳಿತರು. ಅವರು ಏನು ನೋಡಲು ಕುಳಿತದ್ದು ಎಂಬುದು ನನಗೆ ಗೊತ್ತಿತ್ತು.

ಕೊಡೆ ಚೆನ್ನಾಗಿ ಆಯಿತು. ರೋಲರ್ ಆಯಿತು. ನಾನು ಅಕ್ಷರ ನೋಡಿ ಪುಟ ತೆರೆದು, ಇಂಗ್ಲಿಷಿನಲ್ಲಿ ಎರಡು ವಾಕ್ಯ ಓದುತ್ತಿದ್ದೆ, ಅವರು ತಲೆಯಾಡಿಸಿ ಆಡುತ್ತಿದ್ದರು. ನನ್ನ ಧ್ವನಿ ನನಗೇ ಬೇರೆ ಯಾರದೋ ಹಾಗೆ ಕೇಳುತ್ತಿತ್ತು. ಬಾಯಮ್ಮ ಒಮ್ಮೆ ನನ್ನ ಕಡೆ ನೋಡಿ ಹುಬ್ಬು ಏರಿಸಿದರು.

ಆಮೇಲೆ ಇಪ್ಪತ್ತೇಳನೆಯದು ಬಂತು. ನಾನು ಬರೆದಿದ್ದದ್ದು ಹೀಗೆ: ‘ಹಲಗೆ ಬೀಳುವ ಆಟ. ನೆಲಕ್ಕೆ ಇಪ್ಪತ್ತೈದು ಹಲಗೆ. ಒಂದೊಂದೇ ಬೀಳುತ್ತದೆ. ಅಂಚಿನ ಹಲಗೆಯನ್ನು ನಂಬಬೇಡಿ. ಮಧ್ಯಕ್ಕೆ ಹೋಗಿ ಅಲುಗಾಡದೆ ನಿಲ್ಲಿ.’ ಇದು ನೋಡಿ ಬರೆದದ್ದಕ್ಕಿಂತ ಹೆಚ್ಚು ಗೊತ್ತಿದ್ದು ಬರೆದದ್ದು. ಸೆಂಟ್ರಿಂಗ್ ಮೇಲೆ ಅಂಚಿಗೆ ಹೋಗಬಾರದು ಎಂದು ಅಪ್ಪ ನಾನು ಚಿಕ್ಕವಳಿದ್ದಾಗಲೇ ಹೇಳಿದ್ದ. ಈ ಆಟವನ್ನು ಅಂಗಡಿಯಲ್ಲಿ ಯಾರೂ ಸರಿಯಾಗಿ ಗೆದ್ದದ್ದನ್ನು ನಾನು ಕಂಡಿರಲಿಲ್ಲ. ಕೊನೆಗೆ ಉಳಿದವರು ಹೇಗೆ ಉಳಿದರು ಎಂದು ಅವರಿಗೇ ತಿಳಿಯುತ್ತಿರಲಿಲ್ಲ.

ನಾನು ಓದಿದೆ. ನಾಲ್ಕು ಗೊಂಬೆಗಳು ಓಡಿ ಹೋಗಿ ಮಧ್ಯದಲ್ಲಿ ಬಸ್‌ಸ್ಟ್ಯಾಂಡಿನ ಜನರ ಹಾಗೆ ಒತ್ತೊತ್ತಾಗಿ ನಿಂತವು. ಮೊದಲ ಹಲಗೆ ಬಿದ್ದದ್ದೇ ಮಧ್ಯದಲ್ಲಿ. ನಾಲ್ಕೂ ಒಟ್ಟಿಗೆ ಕೆಳಗೆ.

ಎಲ್ಲರೂ ನಕ್ಕರು. ಮತ್ತೊಮ್ಮೆ ಆಡಿದರು. ಮತ್ತೆ ಹಾಗೆಯೇ. ಮೂರನೆಯ ಸಲ ನಗುವವರು ಕಡಿಮೆಯಾದರು. ಒಬ್ಬಳು ಇಂಗ್ಲಿಷಿನಲ್ಲಿ ಹೇಳಿದ್ದು ನನಗೆ ಪೂರ್ತಿ ಅರ್ಥವಾಯಿತು: ಈ ಪುಸ್ತಕ ಬರೆದವರು ಈ ಆಟ ಆಡಿಲ್ಲ.

ಕಾಪುವಿನವಳು ನನ್ನ ಕಡೆ ತಿರುಗಿದಳು. “ಹೌದಾ? ನೀನು ಆಡಿಯೇ ಇಲ್ವಾ ಇದನ್ನು?”

“ಇಲ್ಲ.”

“ಬೇರೆ ಯಾವುದು ಆಡಿದ್ದಿ?”

“ಯಾವುದೂ ಇಲ್ಲ.”

“ನಲವತ್ತೊಂದು ಆಟ ನೋಡಿಯೇ ಬರೆದದ್ದಾ? ಎಂತ ಜನ ಮಾರಾಯ್ತಿ ನೀನು! ಬಾ ಇಲ್ಲಿ, ಹಿಡಿ.” ತನ್ನ ಜಾಯ್‌ಸ್ಟಿಕ್ ಚಾಚಿದವಳು ಅದನ್ನು ಕಣ್ಣ ಹತ್ತಿರ ಹಿಡಿದು ನೋಡಿದಳು. “ಇದರಲ್ಲಿ ಕೆಂಪು ದೀಪ ಉರೀಬೇಕಲ್ವಾ? ನನ್ನ ದೊಡ್ಡಮ್ಮನ ಮನೆಯಲ್ಲಿ ಇಂಥದೇ ಉಂಟು, ಅದರಲ್ಲಿ ಉರೀತದೆ.” ದೀಪದ ಕೆಳಗಿನ ಗುಂಡಿ ಒತ್ತಿದಳು. ದೀಪ ಹತ್ತಿತು. ನನ್ನ ಕೈಗೆ ಕೊಟ್ಟಳು.

ನನ್ನ ಗೊಂಬೆ ಒಂದು ಹಲಗೆಯ ಮೇಲೆ ನಿಂತಿತ್ತು. ಜಾಯ್‌ಸ್ಟಿಕ್ ನನ್ನ ಅಂಗೈಯಲ್ಲಿ ನಡುಗಿತು. ನಾನು ಅದನ್ನು ಬಿಸಾಡಿಬಿಟ್ಟೆ. ಮರುಕ್ಷಣ ಪರದೆಯ ಮೇಲೆ ನನ್ನ ಗೊಂಬೆ ನಿಂತ ಹಲಗೆಯೇ ಬಿತ್ತು.

“ಅದು ನಡುಗುವುದೇ ಸೂಚನೆ!” ಎಂದು ಕಾಪುವಿನವಳು ಕೂಗಿದಳು. “ನಿನ್ನ ಕಾಲಡಿಯ ಹಲಗೆ ಬೀಳ್ತದೆ ಅಂತ ಹೇಳುವುದು ಅದು. ಆಗ ಹಾರಬೇಕು. ನೋಡಿ ಆಡುವ ಆಟವೇ ಅಲ್ಲ ಇದು. ಛೆ, ಇಷ್ಟು ದಿನ ದೀಪ ಯಾಕೆ ಉರಿಯಲಿಲ್ಲ?”

ಬಾಯಮ್ಮ ಎದ್ದು ಬಂದು ನಾಲ್ಕೂ ಜಾಯ್‌ಸ್ಟಿಕ್ ಎತ್ತಿ ನೋಡಿದರು. “ನನ್ನ ತಮ್ಮ ಹಳೇ ಮಾಲು ತಂದು ತಲೆಗೆ ಕಟ್ಟಿದ್ದಾನೆ ಕಾಣ್ತದೆ,” ಎಂದರು.

ಅದು ಹಳೇ ಮಾಲಲ್ಲ. ಕೆಲಸಕ್ಕೆ ಸೇರಿದ ಮೊದಲ ವಾರ, ಅರ್ಧ ಆಟದಲ್ಲಿ ಎದ್ದು ಹೋದ ಒಬ್ಬರ ಜಾಯ್‌ಸ್ಟಿಕ್ಕನ್ನು ಸ್ಟೂಲಿನಿಂದ ಎತ್ತಿಡಲು ಹಿಡಿದಾಗ ಅದು ಹೀಗೆಯೇ ನಡುಗಿತ್ತು. ನನಗೆ ಕರೆಂಟು ಅನಿಸಿತು. ಸೈಟಿನಲ್ಲಿ ಕಾಂಕ್ರೀಟ್ ಮೆಶಿನ್ ಮುಟ್ಟಿ ಒಬ್ಬರು ಹಾರಿ ಬಿದ್ದದ್ದನ್ನು ಕಣ್ಣಾರೆ ಕಂಡವಳು ನಾನು. ಕೈಗೆ ಜುಮ್ ಎಂದರೆ ಮೊದಲು ಆರಿಸು, ಆಮೇಲೆ ಕೂಗು ಎಂದು ಅಪ್ಪ ಕಲಿಸಿದ್ದ. ಕೆಂಪು ದೀಪ ಕಂಡಿತು, ಅದರ ಕೆಳಗಿನ ಗುಂಡಿ ಒತ್ತಿ ಆರಿಸಿದೆ, ನಡುಕ ನಿಂತಿತು. ಅಂದಿನಿಂದ ಮೆಶಿನ್ ಹಾಕಿ ಕೊಡುವಾಗಲೆಲ್ಲ ಒಂದೊಂದರ ದೀಪವನ್ನೂ ಆರಿಸಿಯೇ ಕೊಡುತ್ತಿದ್ದೆ. ಯಾರಿಗೂ ಶಾಕ್ ಹೊಡೆಯಬಾರದು ಎಂದು.

ಸುಮ್ಮನಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ತಮ್ಮ ಗಲ್ಫಿನಲ್ಲಿದ್ದರು, ಬೈಗುಳ ಅವರ ಕಿವಿಗೆ ಬೀಳುತ್ತಲೂ ಇರಲಿಲ್ಲ. ಏಪ್ರಿಲ್ ತನಕ ಇನ್ನೂ ನಾಲ್ಕು ತಿಂಗಳು. ಇದನ್ನೆಲ್ಲ ನಾನು ಯೋಚಿಸಿದೆ, ಯೋಚಿಸಲಿಲ್ಲ ಎಂದರೆ ಸುಳ್ಳಾಗುತ್ತದೆ. ಆದರೆ ಪುಸ್ತಕದಲ್ಲಿ ತಪ್ಪು ಬರೆದದ್ದಕ್ಕೆ ಕಾರಣವೂ ನಾನು ಆರಿಸಿದ ಆ ದೀಪವೇ. ಒಂದನ್ನು ತಿದ್ದಬೇಕಾದರೆ ಇನ್ನೊಂದನ್ನು ಹೇಳಬೇಕಿತ್ತು.

“ಬಾಯಮ್ಮ, ಅದು ಹಾಳಾದದ್ದಲ್ಲ. ನಾನೇ ಆರಿಸುತ್ತಿದ್ದದ್ದು. ದಿನಾ.”

“ಯಾಕೆ?”

“ಶಾಕ್ ಅಂತ ಮಾಡಿದ್ದೆ.”

ಬಾಯಮ್ಮ ಸ್ಟೂಲಿನ ಮೇಲೆ ಕುಳಿತರು. “ನನಗೆ ಯಾಕೆ ಹೇಳಲಿಲ್ಲ?”

“ನಾನು ಮುಟ್ಟಿಯೇ ಮೆಶಿನ್ ಹಾಳಾಯಿತು ಅಂತ ಆಗ್ತದೆ ಅಂತ ಹೆದರಿಕೆ ಆಯಿತು.”

“ಹಾಗಾದರೆ ಶಾಕ್ ಹೊಡೆಯುವ ಸಾಮಾನು ಅಂತ ಗೊತ್ತಿದ್ದೇ ಈ ಮಕ್ಕಳ ಕೈಗೆ ಕೊಡ್ತಾ ಇದ್ದಿಯಾ?”

“ಇಲ್ಲ, ಅದಕ್ಕೇ ಆರಿಸಿ ಕೊಡುತ್ತಿದ್ದದ್ದು!”

ಹುಡುಗಿಯರು ನಗತೊಡಗಿದರು, ಕನ್ನಡ ಬಾರದವರಿಗೆ ಉಳಿದವರು ಹೇಳಿ ಹೇಳಿ ಅವರೂ ನಕ್ಕರು. ಬಾಯಮ್ಮ ನಗಲಿಲ್ಲ, ಸೆರಗಿನಿಂದ ಬಾಯಿ ಒರೆಸಿಕೊಂಡರು. ನಾನು ಅವರ ಮುಖವನ್ನೇ ನೋಡುತ್ತಿದ್ದೆ.

“ಕ್ರಿಸ್‌ಮಸ್‌ಗೆ ಇನ್ನು ಒಂಬತ್ತು ದಿನ ಉಂಟು,” ಎಂದರು ಕೊನೆಗೆ. “ನಲವತ್ತೊಂದನ್ನೂ ನೀನು ಆಡು. ಆಡಿ ಬರಿ. ಆಮೇಲೆ ನಾನು ಹೇಳ್ತೇನೆ.”

ಆ ಒಂಬತ್ತು ದಿನ ನಾನು ಸ್ಟೂಲಿನ ಮೇಲೆ ಕುಳಿತೆ. ಮೊದಲ ದಿನ ಬೆನ್ನು ನೇರ ಮಾಡಿ, ಯಾರಾದರೂ ಬಂದು ಏಳು ಎನ್ನುತ್ತಾರೆ ಎಂಬ ಹಾಗೆ, ಅಂಚಿನಲ್ಲಿ ಕುಳಿತಿದ್ದೆ. ಗಿರಾಕಿಗಳು ಇಲ್ಲದ ಹೊತ್ತಿನಲ್ಲಿ ಒಬ್ಬಳೇ, ಇದ್ದಾಗ ಮೂವರು ಇದ್ದಲ್ಲಿ ನಾಲ್ಕನೆಯವಳಾಗಿ. ಹನ್ನೊಂದು ಆಟಗಳಲ್ಲಿ ನನ್ನ ನಿಯಮ ತಪ್ಪಾಗಿತ್ತು. ರೋಲರಿನ ಹಿಂದೆ ಹೋದರೆ ಭಯವಿಲ್ಲ ಎಂದಿದ್ದೆ, ರೋಲರಿಗೆ ರಿವರ್ಸ್ ಗೇರೂ ಇತ್ತು. ಕೊಡೆ ಆಟದಲ್ಲಿ ಕಪ್ಪೆ ಸುಳ್ಳು ಕೂಗುವುದೂ ಉಂಟೆಂದು ಗೊತ್ತಾಯಿತು.

ಒಂದು ಸಂಜೆ ಬಸ್ಸಿನಲ್ಲಿ ಅಪ್ಪನಿಗೆ ಹಲಗೆಯ ವಿಷಯ ಹೇಳಿದೆ. ಅವನಿಗೆ ಆಶ್ಚರ್ಯವಾಗಲಿಲ್ಲ.

“ನಡುವ ನಿಲ್ಲಂತ ನಾ ಯಾವಾಗ ಹೇಳಿದ್ನೆ ಯವ್ವಾ? ಅಂಚಿಗೆ ಹೋಗಬ್ಯಾಡ ಅಂದಿದ್ದೆ, ಅಷ್ಟ. ಹಲಗಿ ಹೆಂಗೈತಿ ಅನ್ನೂದು ಕಣ್ಣಿಗೆ ಕಾಣೂದಿಲ್ಲ. ಅಂಗಾಲಿಗೆ ಗೊತ್ತಾಗತೈತಿ. ಅದಕ್ಕ ನಾವು ಚಪ್ಪಲಿ ಬಿಟ್ಟು ಹತ್ತತೀವಿ.”

ಇಷ್ಟು ವರ್ಷ ನಾನು ಅದನ್ನು ಬಡತನ ಎಂದುಕೊಂಡಿದ್ದೆ, ಬರಿಗಾಲನ್ನು.

ಕ್ರಿಸ್‌ಮಸ್‌ನ ಹಿಂದಿನ ದಿನ ಬಾಯಮ್ಮ ಒಂದು ಡಬ್ಬಿ ತುಂಬ ಮನೆಯಲ್ಲಿ ಮಾಡಿದ ಹಬ್ಬದ ತಿಂಡಿ ತಂದಿದ್ದರು. ಕಾಪುವಿನವಳು ಊರಿಗೆ ಹೊರಟವಳು ಬ್ಯಾಗು ಸಮೇತ ಅಂಗಡಿಗೆ ಬಂದಿದ್ದಳು, ಜೊತೆಗೆ ಒಬ್ಬ ಗೆಳತಿ. ಬಾಯಮ್ಮ ನೋಟ್‌ಬುಕ್ ತೆಗೆದುಕೊಂಡು ಕನ್ನಡಕ ಹಾಕಿ, ಇಪ್ಪತ್ತೇಳನೇ ಆಟದ ಹೊಸ ಪುಟ ಓದಿದರು. ‘ಕೆಂಪು ದೀಪ ಹತ್ತಿದೆಯೇ ನೋಡಿ. ಜಾಯ್‌ಸ್ಟಿಕ್ಕನ್ನು ಸಡಿಲವಾಗಿ ಹಿಡಿಯಿರಿ. ನಡುಗಿದ ಕೂಡಲೇ ಪಕ್ಕದ ಹಲಗೆಗೆ ಹಾರಿ. ಅದು ಶಾಕ್ ಅಲ್ಲ.’

“ಇದು ನನಗೂ ಅರ್ಥ ಆಗ್ತದೆ,” ಎಂದು ಒಂದು ಜಾಯ್‌ಸ್ಟಿಕ್ ತೆಗೆದುಕೊಂಡರು. ನಾವು ಮೂವರು, ಅವರೊಬ್ಬರು. ಅಷ್ಟರಲ್ಲಿ ಮೆಟ್ಟಿಲ ಕೆಳಗೆ ಅಪ್ಪ ಬಂದು ನಿಂತದ್ದು ಕಂಡಿತು.

“ಬನ್ನಿ,” ಎಂದರು ಬಾಯಮ್ಮ.

“ಇರ್ಲಿ ಬಿಡ್ರಿ ಅಮ್ಮಾರ.”

“ಒಳಗೆ ಬರುವುದು ಬೇಡ, ಅಲ್ಲಿಯೇ ನಿಲ್ಲಿ.” ನಾನು ನನ್ನ ಜಾಯ್‌ಸ್ಟಿಕ್ ಬಿಟ್ಟುಕೊಡುವ ಮೊದಲೇ ಕಾಪುವಿನವಳ ಗೆಳತಿ ತನ್ನದನ್ನು ಕೊಟ್ಟಳು. ವೈರು ಎಳೆದರೆ ಸರಿಯಾಗಿ ಹೊಸ್ತಿಲ ತನಕ ಮುಟ್ಟಿತು. ಅಪ್ಪ ಎರಡೂ ಕೈಯನ್ನು ಪ್ಯಾಂಟಿಗೆ ಒರೆಸಿ, ಮೆಟ್ಟಿಲ ಕೆಳಗೇ ನಿಂತು ಅದನ್ನು ಹಿಡಿದ. ಯಾವ ಗೊಂಬೆ ತನ್ನದು ಎಂದು ಕೇಳಿದ. “ಹಳದಿ ಟೊಪ್ಪಿಗಿದು” ಎಂದೆ, ಹಾರಿಸುವುದು ಹೇಗೆಂದೂ ತೋರಿಸಿದೆ. ಪರದೆ ಅವನಿಗೆ ಓರೆಯಾಗಿ ಕಾಣುತ್ತಿತ್ತು, ಅಪರೂಪಕ್ಕೊಮ್ಮೆ ಮಾತ್ರ ಅತ್ತ ನೋಡುತ್ತ ಸ್ವಲ್ಪ ತಲೆ ಬಾಗಿಸಿ ನಿಂತ.

ಬಾಯಮ್ಮ ಮೊದಲು ಬಿದ್ದರು, ನಂತರ ಕಾಪುವಿನವಳು. ನಾನು ಮೂರನೆಯವಳು. ಹಳದಿ ಟೊಪ್ಪಿಗೆಯ ಗೊಂಬೆ ಪ್ರತಿ ಸಲ ಹಲಗೆ ಕಳಚುವ ಮುಂಚೆಯೇ ಪಕ್ಕಕ್ಕೆ ದಾಟುತ್ತಿತ್ತು, ಅವಸರವಿಲ್ಲದೆ. ಕೊನೆಗೆ ಒಂದೇ ಹಲಗೆ, ಒಂದೇ ಗೊಂಬೆ. ತುತ್ತೂರಿ ಊದಿತು.

“ಇವರು ಮುಂಚೆ ಆಡಿದ್ದಾರಾ?” ಎಂದು ಬಾಯಮ್ಮ ಕೇಳಿದರು.

“ದಿನಾ,” ಎಂದಳು ಕಾಪುವಿನವಳು. “ಇವರ ಕೆಲಸವೇ ಅಲ್ವಾ ಬಾಯಮ್ಮ ಅದು!”

ಅಪ್ಪ ಜಾಯ್‌ಸ್ಟಿಕ್ಕನ್ನು ಮೇಲಿನ ಮೆಟ್ಟಿಲ ಮೇಲೆ ಜೋಪಾನವಾಗಿ ಇಟ್ಟು, “ಬಸ್ ಬರೂ ಹೊತ್ತಾತು,” ಎಂದ.

ಬಾಯಮ್ಮ ತಿಂಡಿಯ ಪೊಟ್ಟಣ ಕಟ್ಟಿ ನನ್ನ ಕೈಗೆ ಕೊಟ್ಟರು. “ಪರೀಕ್ಷೆ ಯಾವಾಗ ನಿನ್ನದು?”

“ಏಪ್ರಿಲ್.”

“ಅಲ್ಲಿ ತನಕ ಆ ದೀಪ ಆರಿಸಬೇಡ,” ಎಂದರು. ನಾಡಿದ್ದು ಎರಡು ಗಂಟೆಗೆ ಬರಲು ಹೇಳಿದರು.

ಪರೀಕ್ಷೆಗೆ ಹದಿನೈದು ದಿನ ರಜೆಯನ್ನೂ ಅವರೇ ಕೊಟ್ಟರು. ಇಂಗ್ಲಿಷ್ ಪೇಪರಿನಲ್ಲಿ ನಿಮಗೆ ಗೊತ್ತಿರುವ ಒಂದು ಕೆಲಸವನ್ನು ಹೇಗೆ ಮಾಡಬೇಕೆಂದು ವಿವರಿಸಿ ಎಂಬ ಪ್ರಶ್ನೆ ಇತ್ತು. ಉಳಿದವರು ಚಹಾ ಮಾಡುವುದನ್ನು ಬರೆದರಂತೆ. ನಾನು ಏನು ಬರೆದೆ ಎಂದು ಹೇಳಬೇಕಾಗಿಲ್ಲ.

ರಿಸಲ್ಟ್ ಬಂದ ದಿನ ಅಪ್ಪ ಕೆಲಸಕ್ಕೆ ರಜೆ ಹಾಕಿ ನನ್ನ ಜೊತೆ ಕಾಲೇಜಿಗೆ ಬಂದ. ಗೇಟಿನ ಹತ್ತಿರ ನಿಲ್ಲುತ್ತಾನೆ ಎಂದುಕೊಂಡೆ. ನಿಲ್ಲಲಿಲ್ಲ. ಮೆಟ್ಟಿಲು ಹತ್ತಿ, ಕಾರಿಡಾರು ದಾಟಿ, ನೋಟಿಸ್ ಬೋರ್ಡಿನ ಗಾಜಿನ ಮೇಲೆ ಬೆರಳಿಟ್ಟು ನಿನ್ನ ನಂಬರ್ ಎಲ್ಲಿದೆ ತೋರಿಸು ಎಂದ. ತೋರಿಸಿದೆ.

“ಒಳಗೆ ಬಂದೆಯಲ್ಲ ಅಪ್ಪಾ,” ಎಂದೆ.

ಅಪ್ಪ ತಲೆಯೆತ್ತಿ ಮೇಲಿನ ಸ್ಲ್ಯಾಬನ್ನು ಒಂದು ಸಲ ಈ ತುದಿಯಿಂದ ಆ ತುದಿಗೆ ನೋಡಿದ. “ಇದು ನಾ ಹಾಕಿದ್ದಲ್ಲ,” ಎಂದ.